ಹಕ್ಕಾರನ ರಕ್ತ

2020ರ ಲಾಕ್‌ಡೌನಿನ ಮೊದಲ ವಾರಗಳು. ನಮ್ಮ ಬೀದಿಯವರೊಬ್ಬರು ದಿನಾ ಸಂಜೆ ಸ್ಕೂಟರ್ ತೆಗೆಯುತ್ತಿದ್ದರು. ಹಾಲಿಗಲ್ಲ, ಔಷಧಿಗಲ್ಲ. ಎಲ್ಲಿಗೆ ಸಾರ್ ಅಂದರೆ, "ಲಾಕ್‌ಡೌನ್ ಹೇಗಿದೆ ಅಂತ ಒಂದು ರೌಂಡ್ ನೋಡ್ಕೊಂಡು ಬರ್ತೀನಿ" ಅನ್ನೋರು. ನನಗೆ ನಗು ಬರುತ್ತಿತ್ತು. ಇಂಥವರ ಬಗ್ಗೆ ಹದಿಮೂರು ವರ್ಷ ಮುಂಚೆಯೇ ಒಂದು ವೈದ್ಯಕೀಯ ಪತ್ರಿಕೆ ಬರೆದಿತ್ತು ಅಂತ ಆಮೇಲೆ ಗೊತ್ತಾಯಿತು. ಆ ಬರಹಕ್ಕೆ ಕಾರಣವಾದ ಪಿಡುಗು ಬಂದದ್ದು ಮಾತ್ರ ಈ ಭೂಮಿಯ ಮೇಲಲ್ಲ, ಅಝೆರಾತ್ ಎಂಬ ಇಲ್ಲದ ಲೋಕದಲ್ಲಿ.

ಅಝೆರಾತ್ ಅಂದರೆ ವರ್ಲ್ಡ್ ಆಫ್ ವಾರ್‌ಕ್ರಾಫ್ಟ್ ಎಂಬ ಕಂಪ್ಯೂಟರ್ ಆಟದ ಪ್ರಪಂಚ. ಬ್ಲಿಝಾರ್ಡ್ ಕಂಪನಿ 2004ರ ನವೆಂಬರಿನಲ್ಲಿ ಬಿಟ್ಟ ಆಟ. ಮರುವರ್ಷದ ಹೊತ್ತಿಗೇ ಲಕ್ಷಾಂತರ ಜನ ತಿಂಗಳು ತಿಂಗಳು ಚಂದಾ ಕಟ್ಟಿ ಅಲ್ಲಿ ಓಡಾಡಿಕೊಂಡಿದ್ದರು. ಯುದ್ಧ ಮಾಡುವವರು ಎಷ್ಟೋ, ಸುಮ್ಮನೆ ಪೇಟೆಯಲ್ಲಿ ನಿಂತು ಹರಟುವವರೂ ಅಷ್ಟೇ. ಐರನ್‌ಫೋರ್ಜ್, ಓರ್ಗ್ರಿಮಾರ್ ಅಂತ ರಾಜಧಾನಿಗಳು. ಅಲ್ಲಿ ಬ್ಯಾಂಕು, ಹರಾಜುಕಟ್ಟೆ, ಅಂಗಡಿಸಾಲು. ಸಂತೆಯ ದಿನದ ಹಾಗೆ ಸದಾ ಗಿಜಿಗಿಜಿ.

2005ರ ಸೆಪ್ಟೆಂಬರ್ 13ರಂದು ಕಂಪನಿ ಆಟಕ್ಕೆ ಹೊಸದೊಂದು ಜಾಗ ಸೇರಿಸಿತು. ಕಾಡಿನ ನಡುವಿನ ಪಾಳುನಗರ, ಹೆಸರು ಜುಲ್‌ಗುರುಬ್. ಒಳಗೆ ಹಕ್ಕಾರ್ ಎಂಬ ರಕ್ತದೇವತೆ. ಇಪ್ಪತ್ತು ಜನ ಪಳಗಿದ ಆಟಗಾರರು ಕೂಡಿ ಅವನ ಮೇಲೆ ಬೀಳಬೇಕು. ಅವನು ಎದುರಾಳಿಗಳಿಗೆ ಒಂದು ಶಾಪ ಅಂಟಿಸುತ್ತಿದ್ದ. ಅದರ ಹೆಸರು 'ಕರಪ್ಟೆಡ್ ಬ್ಲಡ್', ಕೆಟ್ಟ ರಕ್ತ. ತಗುಲಿದವನ ಪ್ರಾಣಶಕ್ತಿ ಕ್ಷಣಕ್ಷಣಕ್ಕೂ ಸೋರುತ್ತಿತ್ತು, ಪಕ್ಕದಲ್ಲಿ ನಿಂತವನಿಗೂ ಅಂಟುತ್ತಿತ್ತು. ಸಾವಿರಗಟ್ಟಲೆ ಶಕ್ತಿ ಕೂಡಿಟ್ಟ ಹಳೇ ಹುಲಿಗಳು ತಡೆದುಕೊಳ್ಳುತ್ತಿದ್ದರು. ನಿನ್ನೆ ಮೊನ್ನೆ ಆಟಕ್ಕೆ ಸೇರಿದವರು ಕಣ್ಣುಮುಚ್ಚಿ ತೆರೆಯುವಷ್ಟರಲ್ಲಿ ಹೆಣ. ಆದರೆ ಅಂಥವರು ಅಲ್ಲಿಗೆ ಬರುವಂತೆಯೇ ಇರಲಿಲ್ಲವಲ್ಲ! ಶಾಪ ಆ ಪಾಳುನಗರದೊಳಗೇ ಹುಟ್ಟಿ ಅಲ್ಲೇ ಮುಗಿಯಬೇಕು ಅನ್ನೋದು ಮಾಡಿದವರ ಲೆಕ್ಕ.

ಆ ಲೆಕ್ಕ ತಪ್ಪಿದ್ದು ಸಾಕುಪ್ರಾಣಿಗಳಿಂದ. ಆಟದ ಬೇಟೆಗಾರರು ಜೊತೆಗೊಂದು ಪ್ರಾಣಿ ಸಾಕಿಕೊಳ್ಳಬಹುದು. ಬೇಡವಾದಾಗ ಅದನ್ನು ಮಾಯ ಮಾಡಿ, ಬೇಕಾದಾಗ ಮತ್ತೆ ಕರೆಯಬಹುದು. ರೋಗ ತಗುಲಿದ ಪ್ರಾಣಿಯನ್ನು ಮಾಯ ಮಾಡಿದರೆ ರೋಗವೂ ಅದರ ಜೊತೆ ಹಾಗೇ ಹೆಪ್ಪುಗಟ್ಟಿ ಉಳಿಯುತ್ತಿತ್ತು. ಯುದ್ಧ ಮುಗಿಸಿ ರಾಜಧಾನಿಗೆ ಬಂದು, ಹರಾಜುಕಟ್ಟೆಯ ಜನಜಂಗುಳಿಯ ನಡುವೆ ಅದನ್ನು ಕರೆದರು ಅಂದುಕೊಳ್ಳಿ. ನಿಂತಿದ್ದ ರೋಗದ ಗಡಿಯಾರ ಅಲ್ಲಿಂದ ಮತ್ತೆ ಓಡಲು ಶುರು. ನಮ್ಮಲ್ಲಿ 1898ರಲ್ಲಿ ಬೆಂಗಳೂರಿಗೆ ಪ್ಲೇಗು ಬಂದಾಗ ಇಲಿ ಬಿದ್ದರೆ ಮನೆ ಬಿಡಬೇಕು ಅನ್ನೋದನ್ನಾದರೂ ಜನ ಬೇಗ ಕಲಿತರು. ಇಲ್ಲಿ ಯಾವ ಪ್ರಾಣಿ ಎಲ್ಲಿಂದ ಬಂತು ಅನ್ನೋದೇ ಕಾಣುತ್ತಿರಲಿಲ್ಲ.

ಇನ್ನೊಂದು ಎಡವಟ್ಟು ಅಂಗಡಿಯವರದ್ದು. ಅವರು ಕಂಪ್ಯೂಟರೇ ಆಡಿಸುವ ಗೊಂಬೆಗಳು. ಸತ್ತರೆ ವ್ಯಾಪಾರ ನಿಲ್ಲುತ್ತದೆ ಅಂತ ಅವರನ್ನು ಸುಲಭಕ್ಕೆ ಸಾಯದ ಹಾಗೆ ಮಾಡಿದ್ದರು. ಅವರಿಗೂ ರೋಗ ಅಂಟಿತು. ಲಕ್ಷಣ ಒಂದೂ ಇಲ್ಲ, ಸಾವೂ ಇಲ್ಲ, ಬಂದ ಗಿರಾಕಿಗೆಲ್ಲ ರೋಗ ಹಂಚುತ್ತಾ ನಿಂತರು. ಬೀದಿ ತುಂಬ ಬಿಳಿ ಅಸ್ಥಿಪಂಜರಗಳು.

ಇಲ್ಲಿಯವರೆಗೂ ಇದು ಪ್ರೋಗ್ರಾಮಿನ ದೋಷದ ಕಥೆ. ನನಗೆ ಮುಖ್ಯ ಅನಿಸೋದು ಜನ ಏನು ಮಾಡಿದರು ಅನ್ನೋದು. ಕೆಲವರು ಊರು ಬಿಟ್ಟು ಹಳ್ಳಿಕಾಡು ಸೇರಿದರು. ಕೆಲವರು ಊರಬಾಗಿಲಲ್ಲಿ ನಿಂತು ಒಳಗೆ ಬರಬೇಡಿ ಅಂತ ಎಚ್ಚರಿಸಿದರು. ಕೆಲವರು ಬೇಕಂತಲೇ ರೋಗ ಹೊತ್ತು ಜನರಿರುವ ಕಡೆ ಓಡಿದರು. ಕಂಪನಿ ಕ್ವಾರಂಟೈನ್ ಮಾಡಲು ನೋಡಿತು, ಯಾರೂ ಕೇಳಲಿಲ್ಲ.

ಗುಣಪಡಿಸುವ ಮಂತ್ರ ಗೊತ್ತಿದ್ದವರದ್ದು ಇನ್ನೊಂದು ಕಥೆ. ಯಾರೂ ಹೇಳದೆ, ಯಾವ ಬಹುಮಾನವೂ ಇಲ್ಲದೆ, ಅವರು ರೋಗಿಗಳ ನಡುವೆ ನುಗ್ಗಿದರು. ಆದರೆ ಆ ಮಂತ್ರ ಶಕ್ತಿ ತುಂಬುತ್ತಿತ್ತೇ ಹೊರತು ರೋಗ ತೆಗೆಯುತ್ತಿರಲಿಲ್ಲ. ಬದುಕುಳಿದವನು ಇನ್ನಷ್ಟು ಜನಕ್ಕೆ ಅಂಟಿಸುವಷ್ಟು ಹೊತ್ತು ಬದುಕಿದ. ನೆರವಿಗೆ ಬಂದವರೂ ರೋಗ ಹೊತ್ತು ಮುಂದಿನ ಕೇರಿಗೆ ಓಡಿದರು. ಒಳ್ಳೇತನವೇ ಪಿಡುಗನ್ನು ಲಂಬಿಸಿರಬಹುದು ಅನ್ನುವ ಈ ಮಾತನ್ನು ಎರಿಕ್ ಲಾಫ್‌ಗ್ರೆನ್ ಮತ್ತು ನೀನಾ ಫೆಫರ್‌ಮನ್ 2007ರಲ್ಲಿ 'ದಿ ಲ್ಯಾನ್ಸೆಟ್ ಇನ್‌ಫೆಕ್ಷಿಯಸ್ ಡಿಸೀಸಸ್' ಪತ್ರಿಕೆಯಲ್ಲಿ ಬರೆದರು. ಲಾಫ್‌ಗ್ರೆನ್ ಸ್ವತಃ ಈ ಆಟ ಆಡುತ್ತಿದ್ದ ಹುಡುಗ. ಅದೇ ವರ್ಷ ರಾನ್ ಬಾಲಿಸರ್ ಎಂಬ ವೈದ್ಯರೂ 'ಎಪಿಡೆಮಿಯಾಲಜಿ' ಪತ್ರಿಕೆಯಲ್ಲಿ ಇದರ ಬಗ್ಗೆ ಬರೆದರು.

ನಮ್ಮ ಸ್ಕೂಟರ್ ಸಾಹೇಬರಂಥವರು ಬರೋದು ಇಲ್ಲಿಯೇ. ರೋಗ ಇದೆಯಂತೆ, ಹೇಗಿದೆ ನೋಡೋಣ ಅಂತ ದೂರದೂರಿಂದ ಬಂದು, ಹೆಣಗಳ ರಾಶಿ ನೋಡಿ, ಜೊತೆಗೆ ರೋಗವನ್ನೂ ಅಂಟಿಸಿಕೊಂಡು ಹಿಂತಿರುಗಿದವರು ಅಝೆರಾತಿನಲ್ಲೂ ಇದ್ದರು. ರೋಗ ಹೀಗೆ ಹರಡುತ್ತದೆ ಅಂತ ಗಣಿತದಲ್ಲಿ ಲೆಕ್ಕ ಹಾಕುವವರು ಹೆದರಿ ಓಡುವವನಿಗೂ ಮನೆಯಲ್ಲಿ ಕೂರುವವನಿಗೂ ಒಂದು ಜಾಗ ಕೊಡಬಲ್ಲರು. ಬರೀ ಕುತೂಹಲಕ್ಕೆ ಬರುವವನಿಗೆ ಅವರ ಸಮೀಕರಣದಲ್ಲಿ ಜಾಗವೇ ಇರಲಿಲ್ಲ. ಫೆಫರ್‌ಮನ್ ಅವರ ಗಮನ ಸೆಳೆದ ಸಂಗತಿಗಳಲ್ಲಿ ಇದೂ ಒಂದು.

ಆಟದಲ್ಲಿ ಸಾವು ಅಗ್ಗ ಅಲ್ವಾ, ಸತ್ತವನು ಎದ್ದು ಬರುತ್ತಾನೆ, ಅದಕ್ಕೇ ಅಷ್ಟು ಧೈರ್ಯ ಅಂತ ನೀವು ಕೇಳಬಹುದು. ಆ ಬರಹ ಬಂದಾಗ ಬಹಳ ಜನ ಇದನ್ನೇ ಹೇಳಿದ್ದರು, ನಾನೂ ಹಾಗೇ ಅಂದುಕೊಂಡಿದ್ದೆ, ಸಾಹೇಬರು ಸ್ಕೂಟರ್ ತೆಗೆಯೋದನ್ನು ನೋಡುವ ತನಕ.

ಕಂಪನಿ ಮಾಡಿದ ತೇಪೆಗಳು ಒಂದೊಂದಾಗಿ ಸೋತವು. ಕೊನೆಗೆ ರೋಗ ಹೊಕ್ಕ ಸರ್ವರುಗಳನ್ನು ನಿಲ್ಲಿಸಿ ಮತ್ತೆ ಶುರುಮಾಡಿದರು. ಅಕ್ಟೋಬರಿನಲ್ಲಿ ಸಾಕುಪ್ರಾಣಿಗಳಿಗೆ ಕೆಟ್ಟ ರಕ್ತ ತಗುಲದಂತೆ ಪ್ರೋಗ್ರಾಮ್ ತಿದ್ದಿದರು. ಹಕ್ಕಾರ್ ಮಾತ್ರ ತನ್ನ ಪಾಳುನಗರದಲ್ಲಿ ಹಾಗೇ ಉಳಿದ, ಬಂದವರಿಗೆ ಶಾಪ ಅಂಟಿಸುತ್ತಾ.