ಜಾಝ್ ಸಂಗೀತ: ಹುಟ್ಟು, ವಾದನಕ್ರಮ ಹಾಗೂ ಕನ್ನಡಿಗರ ನಂಟು

ಜಾಝ್ ಎಂಬ ಹೆಸರನ್ನು ಕೇಳದ ಸಂಗೀತಾಸಕ್ತರು ವಿರಳ. ಅದರ ರಚನಾಕ್ರಮವನ್ನು ಬಲ್ಲವರು ಇನ್ನೂ ವಿರಳ. “ಅದೂ ನಮ್ಮ ಮನೋಧರ್ಮ ಸಂಗೀತದಂತೆಯೇ” ಎಂಬ ಮಾತು ಚೆನ್ನೈನ ಮಾರ್ಗಳಿ ಕಛೇರಿಗಳ ಬಿಡುವಿನಲ್ಲಿ ಆಗಾಗ ಕಿವಿಗೆ ಬೀಳುತ್ತದೆ. ಸ್ಯಾಕ್ಸೊಫೋನ್ ನುಡಿಸಿದರೆಂಬ ಕಾರಣಕ್ಕೆ ಕದ್ರಿ ಗೋಪಾಲನಾಥರನ್ನು ಜಾಝ್ ವಾದಕರೆಂದು ಭಾವಿಸಿದವರೂ ಉಂಟು. ಮೊದಲನೆಯ ಮಾತು ಅರ್ಧಸತ್ಯ, ಎರಡನೆಯದು ಸತ್ಯವಲ್ಲ. ಹೋಲಿಕೆ ಎಲ್ಲಿಯವರೆಗೆ, ಭೇದ ಎಲ್ಲಿಂದ ಎಂಬುದನ್ನು ತಿಳಿಸುವುದೇ ಈ ಲೇಖನದ ಉದ್ದೇಶ.

ಹುಟ್ಟಿದ ನೆಲ

ಜಾಝ್‌ನ ತವರು ಅಮೆರಿಕದ ಲೂಸಿಯಾನಾ ರಾಜ್ಯದ ನ್ಯೂ ಆರ್ಲಿಯನ್ಸ್ ನಗರ. ಆಫ್ರಿಕದಿಂದ ಗುಲಾಮರಾಗಿ ಒಯ್ಯಲ್ಪಟ್ಟ ಜನರಿಗೆ ತಮ್ಮ ವಾದ್ಯಗಳನ್ನು ನುಡಿಸುವ ಸ್ವಾತಂತ್ರ್ಯವೂ ಇರಲಿಲ್ಲ. ದಕ್ಷಿಣ ಕೆರೊಲಿನಾದಲ್ಲಿ 1740ರ ಕಾನೂನು ಅವರ ಮದ್ದಳೆಗಳನ್ನೇ ನಿಷೇಧಿಸಿತ್ತು. ನ್ಯೂ ಆರ್ಲಿಯನ್ಸ್‌ನಲ್ಲಿ ಮಾತ್ರ ಭಾನುವಾರಗಳಂದು ಕಾಂಗೊ ಸ್ಕ್ವೇರ್ ಎಂಬ ಬಯಲಿನಲ್ಲಿ ಕೂಡಿ ಹಾಡಿ ಕುಣಿಯಲು ಅವಕಾಶವಿತ್ತು. 1865ರಲ್ಲಿ ಗುಲಾಮಗಿರಿ ರದ್ದಾದ ತರುವಾಯ ಹೊಲಗದ್ದೆಗಳ ದುಡಿಮೆಯ ಹಾಡು, ಚರ್ಚಿನ ಭಕ್ತಿಗೀತೆ, ದುಃಖವನ್ನು ತೋಡಿಕೊಳ್ಳುವ ಬ್ಲೂಸ್, ಪಿಯಾನೊದ ರ್‍ಯಾಗ್‌ಟೈಮ್, ಶವಯಾತ್ರೆ ಮತ್ತು ಮೆರವಣಿಗೆಗಳ ಹಿತ್ತಾಳೆ ವಾದ್ಯಮೇಳ, ಇವೆಲ್ಲ ಆ ಬಂದರು ನಗರದಲ್ಲಿ ಬೆರೆತವು. ಇಪ್ಪತ್ತನೆಯ ಶತಮಾನದ ಆರಂಭದ ವೇಳೆಗೆ ಈ ಬೆರಕೆಯಿಂದ ಹೊಸದೊಂದು ಸಂಗೀತ ರೂಪುಗೊಂಡಿತ್ತು.

1917ರಲ್ಲಿ ಹೊರಬಂದ ಮೊತ್ತಮೊದಲ ಜಾಝ್ ಧ್ವನಿಮುದ್ರಿಕೆ ಬಿಳಿಯರ ತಂಡವೊಂದರದು ಎಂಬುದು ಚರಿತ್ರೆಯ ವ್ಯಂಗ್ಯ. ಸೃಷ್ಟಿಸಿದವರಿಗೆ ಸಲ್ಲಬೇಕಾದ ಮನ್ನಣೆ ಬಹುಕಾಲ ಇತರರ ಪಾಲಾಯಿತು. 1925ರಿಂದ 1928ರವರೆಗೆ ಲೂಯಿ ಆರ್ಮ್‌ಸ್ಟ್ರಾಂಗ್ ತಮ್ಮ ಸಣ್ಣ ತಂಡಗಳೊಡನೆ ಮಾಡಿದ ಮುದ್ರಣಗಳು ಈ ಸಂಗೀತದ ದಿಕ್ಕನ್ನೇ ಬದಲಿಸಿದವು. ಮೇಳದ ನಡುವೆ ಏಕವ್ಯಕ್ತಿಯ ಕಲ್ಪನೆಗೆ ಪ್ರಧಾನ ಸ್ಥಾನ ದೊರೆಯಿತು.

ಲಯ ಮತ್ತು ಸ್ವರ

ಜಾಝ್‌ನ ನಡಿಗೆಗೆ ‘ಸ್ವಿಂಗ್’ ಎಂದು ಹೆಸರು. ಒಂದು ಅಕ್ಷರಕಾಲವನ್ನು ಎರಡು ಸಮಭಾಗ ಮಾಡದೆ, ಮೊದಲರ್ಧವನ್ನು ನೀಳವಾಗಿಯೂ ಎರಡನೆಯದನ್ನು ಹ್ರಸ್ವವಾಗಿಯೂ ನುಡಿಸುವುದರಿಂದ ತ್ರಿಶ್ರ ನಡೆಯ ಛಾಯೆಯುಳ್ಳ ತೂಗಾಟ ಉಂಟಾಗುತ್ತದೆ. ನಾಲ್ಕರ ಎಣಿಕೆಯಲ್ಲಿ ಒತ್ತು ಒಂದು, ಮೂರರ ಮೇಲಲ್ಲದೆ ಎರಡು, ನಾಲ್ಕರ ಮೇಲೆ ಬೀಳುವುದು ಇನ್ನೊಂದು ವಿಶೇಷ. ತಾಳದ ಹೊಡೆತಕ್ಕೆ ಮುಂಚೆ ಅಥವಾ ಅನಂತರ ಸ್ವರವನ್ನೆತ್ತುವ ಪದ್ಧತಿಯು ನಮ್ಮ ಅತೀತ, ಅನಾಗತ ಎಡುಪ್ಪುಗಳನ್ನು ಬಲ್ಲವರಿಗೆ ಹೊಸದೆನಿಸದು.

ಸ್ವರವಿಷಯದಲ್ಲಿ ‘ಬ್ಲೂ ನೋಟ್’ ಎಂಬುದು ಮುಖ್ಯ. ಸಾಧಾರಣ ಗಾಂಧಾರಕ್ಕೂ ಅಂತರ ಗಾಂಧಾರಕ್ಕೂ ನಡುವೆ ತುಯ್ದಾಡುವ ಸ್ವರವಿದು; ನಿಷಾದದಲ್ಲಿಯೂ ಹೀಗೆಯೇ. ಪಿಯಾನೊದ ಮನೆಗಳಲ್ಲಿ ಇದಕ್ಕೆ ಸ್ಥಾನವಿಲ್ಲ. ಆದ್ದರಿಂದ ವಾದಕರು ಸ್ವರವನ್ನು ಬಾಗಿಸಿ, ಎಳೆದು, ಉಸಿರಿನಿಂದ ಒರಟುಗೊಳಿಸಿ ಅದನ್ನು ಹಿಡಿಯುತ್ತಾರೆ. ಒಬ್ಬರ ನುಡಿಗೆ ಮತ್ತೊಬ್ಬರು ಮರುನುಡಿಯುವ ಕ್ರಮವೂ ಆಫ್ರಿಕದ ಬಳುವಳಿ. ನಾಲ್ಕು ನಾಲ್ಕು ಬಾರ್‌ಗಳನ್ನು ಡ್ರಮ್ಮು ಹಾಗೂ ಇತರ ವಾದ್ಯಗಳು ಹಂಚಿಕೊಂಡು ನುಡಿಸುವಾಗ ತನಿ ಆವರ್ತನದ ಕೊರೈಪ್ಪು ನೆನಪಾಗದಿರದು.

ಮನೋಧರ್ಮದ ಚೌಕಟ್ಟು

ಹೋಲಿಕೆ ಮುಗಿದು ಭೇದ ಆರಂಭವಾಗುವುದು ಇಲ್ಲಿ. ಕರ್ನಾಟಕ ಸಂಗೀತದಲ್ಲಿ ಶ್ರುತಿ ಅಚಲ; ಕಲಾವಿದನ ಕಲ್ಪನೆ ರಾಗದ ಒಳಗೆ ವಿಸ್ತರಿಸುತ್ತದೆ. ಜಾಝ್‌ನಲ್ಲಿ ಹಲವು ಸ್ವರಗಳು ಏಕಕಾಲಕ್ಕೆ ಮೊಳಗುವ ‘ಕಾರ್ಡ್’ಗಳ ಸರಣಿಯೇ ನೆಲಗಟ್ಟು, ಮತ್ತು ಆ ನೆಲ ಚಲಿಸುತ್ತಿರುತ್ತದೆ. ಬ್ಲೂಸ್‌ನ ಹನ್ನೆರಡು ಬಾರ್‌ಗಳ ಆವರ್ತವನ್ನೇ ನೋಡೋಣ. ಬಾರ್ ಒಂದಕ್ಕೆ ನಾಲ್ಕರಂತೆ ಒಟ್ಟು 48 ಎಣಿಕೆ. ಮೊದಲ ನಾಲ್ಕು ಬಾರ್ ಷಡ್ಜವನ್ನು ಆಧರಿಸಿದ ಕಾರ್ಡ್, ಮುಂದಿನ ಎರಡು ಮಧ್ಯಮದ್ದು, ಮತ್ತೆರಡು ಷಡ್ಜದ್ದು, ಬಳಿಕ ಪಂಚಮದ್ದೊಂದು, ಮಧ್ಯಮದ್ದೊಂದು, ಕೊನೆಯ ಎರಡು ಮರಳಿ ಷಡ್ಜ. ಈ ಚಕ್ರ ಸುತ್ತುತ್ತಿರುವಂತೆಯೇ ವಾದಕನು ಆಯಾ ಕಾರ್ಡಿಗೆ ಹೊಂದುವ ಸ್ವರಗಳನ್ನು ಕ್ಷಣಕ್ಷಣಕ್ಕೂ ಆರಿಸಿ ಪೋಣಿಸಬೇಕು. ಷಡ್ಜದ ಕಾರ್ಡಿನಲ್ಲಿ ನೆಲೆನಿಲ್ಲುವ ಸ್ವರವೇ ಮರುಗಳಿಗೆ ಬೇರೊಂದು ಕಾರ್ಡಿನಲ್ಲಿ ಘರ್ಷಣೆಯಾಗಿ ಕೇಳಬಹುದು. 1940ರ ದಶಕದಲ್ಲಿ ಚಾರ್ಲಿ ಪಾರ್ಕರ್, ಡಿಝಿ ಗಿಲೆಸ್ಪಿ ಮೊದಲಾದವರು ಬೆಳೆಸಿದ ‘ಬೀಬಾಪ್’ ಶೈಲಿಯಲ್ಲಿ ಈ ಬದಲಾವಣೆಯ ವೇಗ ಮತ್ತು ಜಟಿಲತೆ ಶಿಖರ ಮುಟ್ಟಿತು.

ಈ ಜಟಿಲತೆಗೆ ಪ್ರತಿಕ್ರಿಯೆಯಾಗಿ ಬಂದುದು ‘ಮೋಡಲ್’ ಜಾಝ್. ಮೈಲ್ಸ್ ಡೇವಿಸ್ ಅವರ 1959ರ ‘ಕೈಂಡ್ ಆಫ್ ಬ್ಲೂ’ ಇದರ ಮೇರುಕೃತಿ. ಕಾರ್ಡ್‌ಗಳನ್ನು ಕಡಿಮೆ ಮಾಡಿ ಒಂದೇ ಸ್ವರಶ್ರೇಣಿಯಲ್ಲಿ ಬಹುಹೊತ್ತು ವಿಹರಿಸುವ ಈ ಮಾರ್ಗದಲ್ಲಿ ಜಾಝ್ ನಮ್ಮ ಆಲಾಪನೆಗೆ ಅತ್ಯಂತ ಸಮೀಪ ಬಂದಿತು. ಅದರಲ್ಲಿ ಸ್ಯಾಕ್ಸೊಫೋನ್ ನುಡಿಸಿದ ಜಾನ್ ಕೋಲ್ಟ್ರೇನ್ 1961ರಲ್ಲಿ ‘ಇಂಡಿಯಾ’ ಎಂಬ ರಚನೆಯನ್ನು ಮುದ್ರಿಸಿದರು. ಪಂಡಿತ್ ರವಿಶಂಕರರ ಮೇಲಿನ ಗೌರವದಿಂದ ಮಗನಿಗೆ ರವಿ ಎಂದು ಹೆಸರಿಟ್ಟರು. ಇದಕ್ಕೂ ಮೊದಲು, 1958ರಲ್ಲಿ, ಡೇವ್ ಬ್ರೂಬೆಕ್ ಅವರ ತಂಡ ಮದ್ರಾಸಿಗೂ ಬಂದು ಹೋಗಿತ್ತು. ಮರುವರ್ಷ ಅವರು ಹೊರತಂದ ‘ಟೈಮ್ ಔಟ್’ ಸಂಪುಟದಲ್ಲಿ ಐದರ ಎಣಿಕೆಯ ‘ಟೇಕ್ ಫೈವ್’ ಇದೆ. ಖಂಡಗತಿಗೆ ಒಗ್ಗಿದ ಕಿವಿಗೆ ಅದು ಸುಲಭವಾಗಿ ಹಿಡಿಸುತ್ತದೆ.

ಕದ್ರಿಯವರ ಸಾಧನೆ

ಈ ಹಿನ್ನೆಲೆಯಲ್ಲಿ ಗೋಪಾಲನಾಥರ ಸಾಧನೆಯನ್ನು ಪರಿಶೀಲಿಸಬೇಕು. ಬಂಟ್ವಾಳ ತಾಲ್ಲೂಕಿನ ಸಜೀಪಮೂಡದಲ್ಲಿ 1949ರಲ್ಲಿ ಜನಿಸಿದ ಅವರಿಗೆ ತಂದೆ ತನಿಯಪ್ಪನವರಿಂದ ನಾಗಸ್ವರ ಬಂದಿತ್ತು. ಸ್ಯಾಕ್ಸೊಫೋನ್ ಅವರ ಮನಸ್ಸನ್ನು ಸೆಳೆದುದು ಜಾಝ್ ತಂಡದಿಂದಲ್ಲ, ಮೈಸೂರು ಅರಮನೆಯ ಬ್ಯಾಂಡಿನಿಂದ. ಬೆಲ್ಜಿಯಂನ ಅಡಾಲ್ಫ್ ಸ್ಯಾಕ್ಸ್ 1846ರಲ್ಲಿ ಪೇಟೆಂಟ್ ಪಡೆದ ಈ ವಾದ್ಯಕ್ಕೆ ಸ್ವರಗಳೆಲ್ಲ ಕೀಲಿಗಳಿಂದ ನಿಗದಿಯಾಗಿವೆ. ನಾಗಸ್ವರದ ತೆರೆದ ರಂಧ್ರಗಳ ಮೇಲೆ ಬೆರಳು ಜಾರಿಸಿ ಪಡೆಯುವ ಗಮಕಕ್ಕೆ ಇಲ್ಲಿ ಎಡೆಯಿಲ್ಲ. ಗಮಕವಿಲ್ಲದೆ ತೋಡಿಯಿಲ್ಲ, ಭೈರವಿಯಿಲ್ಲ. ತುಟಿಯ ಒತ್ತಡ, ಉಸಿರಿನ ಹತೋಟಿ ಹಾಗೂ ವಾದ್ಯದಲ್ಲಿ ತಾವೇ ಮಾಡಿಕೊಂಡ ಮಾರ್ಪಾಡುಗಳಿಂದ ಈ ತೊಡಕನ್ನು ಗೆಲ್ಲಲು ಅವರಿಗೆ ಸುಮಾರು ಎರಡು ದಶಕಗಳ ಸಾಧನೆ ಬೇಕಾಯಿತು. ಮಂಗಳೂರಿನ ಕಲಾನಿಕೇತನದ ಗೋಪಾಲಕೃಷ್ಣ ಅಯ್ಯರ್ ಹಾಗೂ ಚೆನ್ನೈನ ಟಿ. ವಿ. ಗೋಪಾಲಕೃಷ್ಣನ್ ಅವರ ಗುರುಗಳು.

1980ರ ಮುಂಬಯಿ ಜಾಝ್ ಉತ್ಸವದಲ್ಲಿ ಅಮೆರಿಕದ ಸ್ಯಾಕ್ಸೊಫೋನ್ ವಾದಕ ಜಾನ್ ಹ್ಯಾಂಡಿ ಅವರೊಡನೆ ನುಡಿಸಿದ ಮೇಲೆ ಜಗತ್ತಿನ ಜಾಝ್ ವೇದಿಕೆಗಳು ಗೋಪಾಲನಾಥರನ್ನು ಆಹ್ವಾನಿಸಿದವು. 1994ರಲ್ಲಿ ಅವರು ಲಂಡನ್ನಿನ ಬಿಬಿಸಿ ಪ್ರಾಮ್ಸ್ ಉತ್ಸವದಲ್ಲಿ ನುಡಿಸಿದರು. ಅದೇ ವರ್ಷದ ‘ಡ್ಯುಯೆಟ್’ ಚಿತ್ರ ತಮಿಳುನಾಡಿನ ಮನೆಮನೆಗೂ ಅವರ ನಾದವನ್ನು ಮುಟ್ಟಿಸಿತು. ಎಲ್ಲಿ ಯಾರೊಡನೆ ನುಡಿಸಿದರೂ ಅವರು ನುಡಿಸಿದ್ದು ರಾಗವನ್ನೇ. 2004ರಲ್ಲಿ ಪದ್ಮಶ್ರೀ ಪಡೆದ ಅವರು 2019ರ ಅಕ್ಟೋಬರ್ 11ರಂದು ಮಂಗಳೂರಿನಲ್ಲಿ ನಿಧನರಾದರು.

ಎರಡು ಸೇತುವೆಗಳು

ಬೆಂಗಳೂರಿನ ಕರ್ನಾಟಕ ಕಾಲೇಜ್ ಆಫ್ ಪರ್ಕಷನ್‌ನ ಟಿ. ಎ. ಎಸ್. ಮಣಿ ಹಾಗೂ ಗಾಯಕಿ ಆರ್. ಎ. ರಮಾಮಣಿ ಅವರು ಜಾಝ್ ವಾದಕ ಚಾರ್ಲಿ ಮರಿಯಾನೊ ಅವರೊಡನೆ 1983ರಲ್ಲಿ ‘ಜ್ಯೋತಿ’ಯನ್ನು ಮುದ್ರಿಸಿದರು. ಮರಿಯಾನೊ ಸ್ವತಃ ನಾಗಸ್ವರ ಕಲಿತವರು. ಕದ್ರಿಯವರದು ನಾಗಸ್ವರದಿಂದ ಸ್ಯಾಕ್ಸೊಫೋನಿಗೆ ನಡೆದ ಹಾದಿಯಾದರೆ, ಇವರದು ಅದರ ವಿರುದ್ಧ ದಿಕ್ಕಿನದು.

ಎರಡನೆಯ ಸೇತುವೆ ರುದ್ರೇಶ್ ಮಹಾಂತಪ್ಪ. ಕರ್ನಾಟಕ ಮೂಲದ ಕುಟುಂಬದ ಕುಡಿಯಾಗಿ ಅಮೆರಿಕದಲ್ಲಿ ಬೆಳೆದ ಈ ಜಾಝ್ ಸ್ಯಾಕ್ಸೊಫೋನ್ ವಾದಕರಿಗೆ ಅಣ್ಣ ತಮಾಷೆಗೆಂದು ಕದ್ರಿಯವರ ಧ್ವನಿಮುದ್ರಿಕೆಯನ್ನು ಕೊಟ್ಟರು. ತಮಾಷೆ ಗಂಭೀರವಾಯಿತು. ಇಬ್ಬರೂ ಕೂಡಿ ನುಡಿಸಿದ ‘ಕಿನ್ಸ್‌ಮೆನ್’ 2008ರಲ್ಲಿ ಹೊರಬಂದಿತು, ಪಿಟೀಲಿನಲ್ಲಿ ಎ. ಕನ್ಯಾಕುಮಾರಿ, ಗಿಟಾರಿನಲ್ಲಿ ರೆಜ್ ಅಬ್ಬಾಸಿ. ಒಂದೇ ಜಾತಿಯ ಎರಡು ಆಲ್ಟೊ ಸ್ಯಾಕ್ಸೊಫೋನ್‌ಗಳು ಅಲ್ಲಿ ಬೇರೆ ಬೇರೆ ವ್ಯಾಕರಣವನ್ನು ಮಾತನಾಡುತ್ತವೆ. ಯಾರೂ ಮತ್ತೊಬ್ಬರನ್ನು ಅನುಕರಿಸುವುದಿಲ್ಲ. ಆದುದರಿಂದಲೇ ಸಂವಾದ ಸಾಧ್ಯವಾಗಿದೆ.

ಆಸಕ್ತರು ಆರ್ಮ್‌ಸ್ಟ್ರಾಂಗರ 1928ರ ‘ವೆಸ್ಟ್ ಎಂಡ್ ಬ್ಲೂಸ್’ನಿಂದ ತೊಡಗಬಹುದು. ಆರಂಭದ ತುತ್ತೂರಿಯ ಏಕಾಂಗಿ ವಾದನ ಮುಗಿದೊಡನೆ ಹನ್ನೆರಡು ಬಾರ್‌ಗಳನ್ನು ಕೈಯಲ್ಲಿ ತಾಳ ಹಾಕಿ ಎಣಿಸಿರಿ. ಎರಡು ಮೂರು ಸುತ್ತುಗಳಲ್ಲಿ ಆವರ್ತ ಕಿವಿಗೆ ಹತ್ತುತ್ತದೆ. ಅನಂತರ ‘ಕೈಂಡ್ ಆಫ್ ಬ್ಲೂ’, ಕೊನೆಯಲ್ಲಿ ‘ಕಿನ್ಸ್‌ಮೆನ್’ ಕೇಳಿದರೆ ಹೋಲಿಕೆ ಮತ್ತು ಭೇದಗಳೆರಡೂ ತಾವಾಗಿಯೇ ಮನದಟ್ಟಾಗುತ್ತವೆ.