ಬಟಾಣಿಯ ಸಾರು, ಚರಿತ್ರೆಯ ಸಾರ

ಚರಿತ್ರೆಯ ಗ್ರಂಥಗಳಲ್ಲಿ ಯುದ್ಧಗಳಿಗೆ ಅಧ್ಯಾಯಗಳುಂಟು. ಒಲೆಯ ಮೇಲಿನ ಗಡಿಗೆಗೆ ಅಡಿಟಿಪ್ಪಣಿಯೂ ದೊರೆಯುವುದು ಕಷ್ಟ. ಯುದ್ಧಕ್ಕೆ ಹೋದವರೂ ಅವರಿಗಾಗಿ ಮನೆಯಲ್ಲಿ ಕಾದು ಕುಳಿತವರೂ ಉಂಡದ್ದಾದರೂ ಏನನ್ನು? ಯೂರೋಪಿನ ಮಟ್ಟಿಗೆ ಈ ಪ್ರಶ್ನೆಗೆ ಸಿಗುವ ಉತ್ತರಗಳಲ್ಲೊಂದು, ಒಣ ಬಟಾಣಿಯ ಗಟ್ಟಿ ಸಾರು.

ಸಾಹಿತ್ಯದ ವಿದ್ಯಾರ್ಥಿಯಾದ ನನಗೆ ಇಂಥ ಸಾರಿನ ಪರಿಚಯವಾದದ್ದು ಅಡುಗೆಮನೆಯಲ್ಲಲ್ಲ, ಗ್ರೀಕ್ ನಾಟಕದಲ್ಲಿ. ಕ್ರಿ.ಪೂ. 405ರಲ್ಲಿ ಅಥೆನ್ಸಿನಲ್ಲಿ ಪ್ರದರ್ಶಿತವಾದ ಅರಿಸ್ಟೊಫೆನೀಸನ 'ಕಪ್ಪೆಗಳು' ಪ್ರಹಸನದಲ್ಲಿ ಡಯೊನೈಸಸ್ ದೇವತೆ, ಆಗಷ್ಟೇ ತೀರಿಕೊಂಡಿದ್ದ ಕವಿ ಯೂರಿಪಿಡೀಸನಿಗಾಗಿ ಹಂಬಲಿಸುತ್ತಾನೆ. ಆ ಹಂಬಲವನ್ನು ಹೊಟ್ಟೆಬಾಕನಾದ ಹೆರಾಕ್ಲೀಸನಿಗೆ ತಿಳಿಯಹೇಳುವ ಬಗೆ ಹೇಗೆ? ಕಾಳಿನ ಸಾರಿನ ಮೇಲೆ ಎಂದಾದರೂ ಥಟ್ಟನೆ ಆಸೆ ಹುಟ್ಟಿದ್ದುಂಟೇ ಎಂದು ಕೇಳುತ್ತಾನೆ. ಹೆರಾಕ್ಲೀಸನಿಗೆ ಕೂಡಲೇ ಅರ್ಥವಾಗುತ್ತದೆ! ನಗೆಯ ಮಾತೇನೋ ನಿಜ. ಆದರೆ ಆಗ ಅಥೆನ್ಸು ಸೋಲಿನ ಅಂಚಿನಲ್ಲಿತ್ತು; ಮರುವರ್ಷವೇ ಮುತ್ತಿಗೆಯಲ್ಲಿ ಹಸಿದು ಶರಣಾಯಿತು. ಊರು ಉಳಿಯಬೇಕಾದರೆ ಕವಿಯೂ ಬೇಕು, ಕಾಳಿನ ಸಾರೂ ಬೇಕು ಎಂಬ ಧ್ವನಿ ನನಗೆ ಅಲ್ಲಿ ಕೇಳಿಸುತ್ತದೆ.

ಒಣಗಿಸಿಟ್ಟ ಬಟಾಣಿ ಬಹುಕಾಲ ಕೆಡದು. ಉತ್ತರ ಯೂರೋಪಿನ ದೀರ್ಘ ಚಳಿಗಾಲದಲ್ಲಿ ಬಡವನ ಬದುಕಿಗೆ ಇದೇ ಆಧಾರವಾಗಿತ್ತು. ಸ್ವೀಡನ್ನಿನಲ್ಲಿ ಗುರುವಾರ ಈ ಸಾರು ಉಣ್ಣುವ ವಾಡಿಕೆ ಇಂದಿಗೂ ಇದೆ. ಶುಕ್ರವಾರದ ಉಪವಾಸಕ್ಕೆ ಮುನ್ನಿನ ಊಟವಿದು ಎನ್ನುತ್ತಾರೆ. ಅರಮನೆಗೂ ಅದು ಹೊರತಲ್ಲ. ಸಿಂಹಾಸನ ಕಳೆದುಕೊಂಡು ಸೆರೆಯಲ್ಲಿದ್ದ ದೊರೆ ಹದಿನಾಲ್ಕನೆಯ ಎರಿಕ್ 1577ರಲ್ಲಿ ಸತ್ತದ್ದು ವಿಷ ಬೆರೆಸಿದ ಬಟಾಣಿ ಸಾರಿನಿಂದ ಎಂಬುದು ಅಲ್ಲಿನ ಐತಿಹ್ಯ. 1958ರಲ್ಲಿ ಅವನ ಸಮಾಧಿಯನ್ನು ತೆರೆದು ಪರೀಕ್ಷಿಸಿದಾಗ ಅವಶೇಷಗಳಲ್ಲಿ ಪಾಷಾಣದ ಅಂಶ ಕಂಡುಬಂದಿತು.

ಮುಂದೆ ಈ ಸಾರು ಸೈನಿಕನ ಜೋಳಿಗೆಯನ್ನೂ ಸೇರಿತು. 1867ರಲ್ಲಿ ಬರ್ಲಿನ್ನಿನ ಗ್ರೂನೆಬೆರ್ಗ್ ಎಂಬಾತ ಬಟಾಣಿ ಹಿಟ್ಟಿಗೆ ಕೊಬ್ಬು, ಮಸಾಲೆ ಬೆರೆಸಿ ಉಂಡೆಯಾಗಿಸುವ ಉಪಾಯ ಕಂಡುಹಿಡಿದನು. ಬಿಸಿನೀರಿನಲ್ಲಿ ಕದಡಿದರೆ ಊಟ ಸಿದ್ಧ. 1870–71ರ ಯುದ್ಧದಲ್ಲಿ ಪ್ರಷ್ಯದ ಸೈನ್ಯ ಫ್ರಾನ್ಸಿಗೆ ನುಗ್ಗಿದ್ದು ಇದನ್ನು ಹೊತ್ತುಕೊಂಡೇ. 1889ರಿಂದ ಕ್ನೋರ್ ಸಂಸ್ಥೆ ಇದನ್ನು ತಯಾರಿಸಿ ಮಾರುತ್ತಿತ್ತು, 2018ರಲ್ಲಿ ನಿಲ್ಲಿಸಿತು.

ಇಂಗ್ಲಿಷಿನ 'ಸೂಪ್' ನಮ್ಮ 'ಸೂಪ'ವೇ ಅಲ್ಲವೆ ಎಂದು ಕೇಳುವವರುಂಟು. ಸಂಸ್ಕೃತದ ಸೂಪವೆಂದರೆ ಬೇಳೆಯ ಅಡುಗೆ. ಮಂಗರಸನ 'ಸೂಪಶಾಸ್ತ್ರ'ದ ಹೆಸರಿನಲ್ಲಿ ಅದು ಪಾಕಶಾಸ್ತ್ರಕ್ಕೇ ಸಲ್ಲುತ್ತದೆ. ಇಂಗ್ಲಿಷಿನದಾದರೋ ಫ್ರೆಂಚಿನಿಂದ ಬಂದದ್ದು. ಅದರ ಹಳೆಯ ಅರ್ಥ ಸಾರಿನಲ್ಲಿ ನೆನೆದ ರೊಟ್ಟಿಯ ಚೂರು. ಶಬ್ದಗಳು ಕಿವಿಗೆ ನೆಂಟರಾದ ಮಾತ್ರಕ್ಕೆ ಚರಿತ್ರೆಯಲ್ಲೂ ನೆಂಟರಾಗಬೇಕಿಲ್ಲ.

ಮನೆಯಲ್ಲಿ ಇದನ್ನು ಮಾಡುವ ಕ್ರಮ ಸರಳ. ಒಂದು ಲೋಟ ಬಟಾಣಿ ಬೇಳೆಗೆ ಐದು ಲೋಟ ನೀರು. ಒಡೆದ ಬೇಳೆಯಾದ್ದರಿಂದ ನೆನೆಹಾಕಬೇಕಾಗಿಲ್ಲ. ಹೆಚ್ಚಿದ ಈರುಳ್ಳಿ, ಗಜ್ಜರಿ, ಆಲೂಗೆಡ್ಡೆಗಳನ್ನು ಕೂಡಿಸಿ, ಆಗಾಗ ಕೈಯಾಡಿಸುತ್ತ, ಸಣ್ಣ ಉರಿಯಲ್ಲಿ ಒಂದು ಗಂಟೆಗೂ ಮಿಗಿಲಾಗಿ ಕುದಿಸಬೇಕು. ಹುಳಿ ಸೇರಿಸುವುದಾದರೆ ಕೊನೆಗೆ. ಮೊದಲೇ ಬಿದ್ದರೆ ಬೇಳೆ ಬೇಗ ಬೇಯದು. ಯೂರೋಪಿನವರು ಹಂದಿಯ ಮಾಂಸವನ್ನು ಬೆರೆಸುತ್ತಾರೆ. ನಮ್ಮ ಮನೆಯಲ್ಲಿ ಆ ಸ್ಥಾನ ಬೆಣ್ಣೆ ಮೆಣಸುಗಳಿಗೆ ಸಂದಿದೆ. ನೆಟ್ಟ ಚಮಚ ನೆಟ್ಟಗೆ ನಿಂತರೆ ಹದ ಸರಿಯೆಂದು ಡಚ್ಚರ ಲೆಕ್ಕ.

ಕಾರ್ಖಾನೆಯ ಉಂಡೆ ನೂರೈವತ್ತು ವರ್ಷ ಬಾಳಿ, ಲಾಭನಷ್ಟದ ಲೆಕ್ಕದಲ್ಲಿ ಮುಗಿಯಿತು. ಮನೆಯ ಗಡಿಗೆಗೆ ಆ ಲೆಕ್ಕವಿಲ್ಲ. ಬೇಯಿಸುವವರೊಬ್ಬರು, ಉಣ್ಣುವವರಿಬ್ಬರು ಇರುವವರೆಗೆ ಅದು ಕುದಿಯುತ್ತಲೇ ಇರುತ್ತದೆ.