ಕಾಳಗದ ತರುವಾಯ

ಮಂಗಳೂರಿನ ಫಳ್ನೀರಿನಿಂದ ಕಂಕನಾಡಿಯ ಕಡೆಗೆ ನಡೆಯುವವನಿಗೆ ಚಿಕಿತ್ಸಾಲಯಗಳು ಒಂದರ ಬಳಿಕ ಒಂದು ಎದುರಾಗುತ್ತವೆ. 1880ರಲ್ಲಿ ಫಾದರ್ ಮುಲ್ಲರ್ ಅವರು ಕಂಕನಾಡಿಯಲ್ಲಿ ಬಡವರಿಗಾಗಿ ತೆರೆದ ಹೋಮಿಯೋಪಥಿ ಔಷಧಾಲಯದ ಕಾಲದಿಂದಲೂ ರುಗ್ಣದೇಹದ ಶುಶ್ರೂಷೆಗೆ ಈ ಭಾಗ ಹೆಸರಾಗಿದೆ. ಮುಷ್ಟಿಯುದ್ಧದ ಚರಿತ್ರೆಯನ್ನು ಇಂಥ ನೆರೆಯಲ್ಲಿ ಕುಳಿತು ಓದುವವನ ಮನಸ್ಸು, ಗೆದ್ದವನಾರು ಎಂಬುದಕ್ಕಿಂತ ಕಣವನ್ನು ಬಿಟ್ಟು ಹೊರಬಂದವನ ಗತಿಯೇನಾಯಿತು ಎಂಬುದರತ್ತಲೇ ಹರಿಯುವುದು ಸಹಜ.

ಸುಮಾರು 1520ರಲ್ಲಿ ವಿಜಯನಗರದ ಮಹಾನವಮಿಯನ್ನು ಕಂಡ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸನು, ಮಲ್ಲರ ಪೆಟ್ಟಿಗೆ ಹಲ್ಲು ಮುರಿದು, ಕಣ್ಣು ಕಳೆದು, ಮುಖ ವಿಕಾರಗೊಂಡು, ಮಾತೇ ನಿಂತುಹೋದವರನ್ನು ಅವರವರ ಗೆಳೆಯರು ಹೊತ್ತೊಯ್ಯುತ್ತಿದ್ದುದನ್ನು ಬರೆದಿದ್ದಾನೆ. ಅವನ ತರುವಾಯ ವಿಜಯನಗರಕ್ಕೆ ಬಂದ ಇನ್ನೊಬ್ಬ ಪೋರ್ಚುಗೀಸ್ ಬರಹಗಾರ ನೂನಿಜನಾದರೋ, ಮೊನೆಯುಳ್ಳ ಬಳೆಗಳನ್ನು ಕೈಯಲ್ಲಿ ಹಿಡಿದು ಹೊಡೆದಾಡುವ ಈ ಜನರಲ್ಲಿ ಅತ್ಯಧಿಕವಾಗಿ ಗಾಯಗೊಂಡವನೇ ಮುಂದೆ ಹೋಗಿ ಅರಸನಿಂದ ರೇಷ್ಮೆಯ ವಸ್ತ್ರವನ್ನು ಪಡೆಯುತ್ತಿದ್ದನೆಂದು ಹೇಳುತ್ತಾನೆ. ನೊಂದವನ ನೋವಿಗೆ ರಾಜಸಭೆಯೇ ಸಾಕ್ಷಿಯಾಗಿ ನಿಂತ ಈ ಪದ್ಧತಿಯಲ್ಲಿ, ಗೆದ್ದವನ ಕೊರಳಿಗೆ ಮಾತ್ರ ಮಾಲೆ ಹಾಕುವ ನಮ್ಮ ಕಾಲದ ಕ್ರೀಡಾನೀತಿಗಿಂತ ಹಿರಿದಾದ ನ್ಯಾಯವಿತ್ತೆಂದೇ ನಾನು ತಿಳಿಯುತ್ತೇನೆ.

ಹತ್ತೊಂಬತ್ತನೆಯ ಶತಮಾನದ ಆರಂಭದಲ್ಲಿ ಮೈಸೂರಿನ ಬ್ರಿಟಿಷ್ ರೆಸಿಡೆಂಟನಾಗಿದ್ದ ಮಾರ್ಕ್ ವಿಲ್ಕ್ಸನು, ಜಟ್ಟಿಗಳೆಂಬ ವೃತ್ತಿಮಲ್ಲರ ವಜ್ರಮುಷ್ಟಿ ಕಾಳಗವನ್ನು ಸವಿಸ್ತಾರವಾಗಿ ವರ್ಣಿಸಿದ್ದಾನೆ. ಎಮ್ಮೆಯ ಕೊಂಬಿನಿಂದ ಮಾಡಿದ, ಚೂಪಾದ ಗುಬುಟುಗಳುಳ್ಳ ಆಯುಧವನ್ನು ಬಲಗೈಗೆ ತೊಟ್ಟು ಕಾದುತ್ತಿದ್ದ ಇವರ ಕಾಳಗವನ್ನು ನಿಲ್ಲಿಸಬೇಕಾದಾಗ ಮಧ್ಯಸ್ಥರು ಉಡುಗೊರೆಯ ಪೇಟ ನಿಲುವಂಗಿಗಳನ್ನು ಕಣಕ್ಕೆ ಎಸೆಯುತ್ತಿದ್ದರಂತೆ. ಐದು ದರ್ಜೆಗಳಾಗಿ ವಿಂಗಡಿಸಲ್ಪಟ್ಟಿದ್ದ ಜಟ್ಟಿಗಳಲ್ಲಿ ಗೆದ್ದವನಿಗೆ ಸಾಮಾನ್ಯವಾಗಿ ದೊರೆಯುತ್ತಿದ್ದ ಫಲವೆಂದರೆ ಮೇಲಿನ ದರ್ಜೆ. ಅವನು ಅನೇಕ ವೇಳೆ ನಾಲ್ಕೈದು ಲಾಗ ಹಾಕುತ್ತ ಕಣದಿಂದ ನಿರ್ಗಮಿಸುತ್ತಿದ್ದನು. ತನಗೆ ದಣಿವಿಲ್ಲವೆಂದು ತೋರಿಸುವುದಕ್ಕಾಗಿ! ಪೆಟ್ಟುಂಡ ದೇಹವು ತನ್ನ ನೋವನ್ನು ತಾನೇ ಅಲ್ಲಗಳೆಯಬೇಕಾಗಿದ್ದ ಆ ಗಳಿಗೆಯನ್ನು ನೆನೆದರೆ ನನ್ನ ಮನಸ್ಸು ಕಲಕುತ್ತದೆ. ಏಕೆಂದರೆ ತಲೆಗೆ ಬಿದ್ದ ಪೆಟ್ಟುಗಳ ಪರಿಣಾಮ ಎಷ್ಟೋ ವರ್ಷಗಳ ಮೇಲೆ ತೊದಲಾಗಿ, ತತ್ತರಿಕೆಯಾಗಿ, ಮರೆವಾಗಿ ಕಾಣಿಸಿಕೊಳ್ಳಬಲ್ಲುದು. ಅಮೆರಿಕದ ವೈದ್ಯ ಹ್ಯಾರಿಸನ್ ಮಾರ್ಟ್‌ಲ್ಯಾಂಡ್ ಬಾಕ್ಸರುಗಳಲ್ಲಿ ಕಂಡ ಇಂಥ ವಿಕಾರವನ್ನು ವೈದ್ಯಲೋಕದ ಮುಂದಿಟ್ಟುದು 1928ರಲ್ಲಿ.

ಜಟ್ಟಿಗಳಿಗೆ ದೇಹದ ನೋವು ಅಪರಿಚಿತವಾಗಿರಲಿಲ್ಲ. ತೆಲುಗು ಸೀಮೆಯ ಜಟ್ಟಿಗಳು ನರಗಳ ನೋವಿಗೆ ಲೇಪ ಹಚ್ಚಿ ಮೈ ನೀವುವುದನ್ನು ವೃತ್ತಿಯಾಗಿ ಮಾಡುತ್ತಿದ್ದರೆಂದು ಎಡ್ಗರ್ ಥರ್ಸ್ಟನ್ 1909ರ ತನ್ನ ಗ್ರಂಥದಲ್ಲಿ ದಾಖಲಿಸಿದ್ದಾನೆ. ಮೈಸೂರಿನ ಅರಮನೆಯ ಅಂಗಳದಲ್ಲಿ ವಿಜಯದಶಮಿಯಂದು ಇಂದಿಗೂ ನಡೆಯುವ ಜಟ್ಟಿಗಳ ವಜ್ರಮುಷ್ಟಿ ಕಾಳಗವಾದರೋ, ಬೋಳಿಸಿದ ತಲೆಯ ಮೇಲೆ ರಕ್ತ ಕಂಡೊಡನೆಯೇ ನಿಲ್ಲುತ್ತದೆ.